ಹರಿಗೋಲಿಗೆ ಯಾವ ಕೋಡ್?

ಮೆಡಿಕಲ್ ಕೋಡಿಂಗ್ ಎಂದರೆ ಸಾಫ್ಟ್‌ವೇರ್ ಕೆಲಸವೆಂದೇ ನಮ್ಮ ಮನೆಯಲ್ಲಿ ಈಗಲೂ ನಂಬಿದ್ದಾರೆ. ನಾವು ಓದುವುದು ಅಮೆರಿಕದ ರೋಗಿಗಳ ದಾಖಲೆ. ಕಯಾಕ್ ಮಗುಚಿ, ನೀರಲ್ಲಿ ಮುಳುಗಿ ಬದುಕಿದವನಿಗೆ ಮೊದಲು ಟಿ75.1: ಏನಾಯಿತು ಎಂಬುದು. ಆಮೇಲೆ ವಿ90.05: ಹೇಗಾಯಿತು ಎಂಬುದು. ಈ ಕ್ರಮ ತಿರುವುಮುರುವು ಆಗಕೂಡದು. ಗಾಳಿ ತುಂಬಿದ ರಾಫ್ಟ್ ಮಗುಚಿದರೆ ವಿ90.06. ನಮ್ಮ ಹಂಪಿಯ ಹರಿಗೋಲಿಗೆ (ಅದು ಅಲ್ಲಿಗೆ ಹೋದರೆ!) ಸ್ವಂತ ಜಾಗವಿಲ್ಲ, ಎಂಜಿನ್ ಇಲ್ಲದ ‘ಇತರೆ’ಗಳ ಜೊತೆ ವಿ90.08ರಲ್ಲಿ ಕೂರಬೇಕು.

ವೈದ್ಯರು ಬರೀ ‘ದೋಣಿ’ ಎಂದು ಬರೆದಿದ್ದರೆ? ಊಹಿಸುವಂತಿಲ್ಲ, ವಿ90.09 ಎನ್ನಬೇಕು. ನಾನು ಕಲಿತ ತರಬೇತಿ ಕೇಂದ್ರ ಕೋಡ್‌ಗಳನ್ನು ಬಾಯಿಪಾಠ ಮಾಡಿಸಿತು, ಇದನ್ನು ಹೇಳಿಕೊಡಲಿಲ್ಲ. ಗೆಳೆಯರೇ, ಶುಲ್ಕ ಕಟ್ಟುವ ಮುನ್ನ ಪೂರ್ತಿ ಕೇಸ್‌ಶೀಟ್ ಓದಿಸುತ್ತಾರಾ ಎಂದು ಕೇಳಿ.