ಅಂಕಿಯೂ ಸ್ಥಾನವೂ

ಎರಡಂಕಿಯ ಸಂಖ್ಯೆಯೊಂದರ ಅಂಕಿಗಳ ಮೊತ್ತ 9. ಅವುಗಳನ್ನು ಅದಲುಬದಲು ಮಾಡಿದರೆ ಸಂಖ್ಯೆ 27 ಹೆಚ್ಚುತ್ತದೆ. ಆ ಸಂಖ್ಯೆ ಯಾವುದು? ಮಕ್ಕಳು ಹತ್ತರ ಸ್ಥಾನಕ್ಕೆ ‘ಕ್ಷ’, ಬಿಡಿಸ್ಥಾನಕ್ಕೆ ‘ಯ’ ಎಂದಿಟ್ಟು, ಸಂಖ್ಯೆಯನ್ನು ‘ಕ್ಷಯ’ ಎಂದೇ ಬರೆಯುವುದನ್ನು ನಾವು ಬಹುಕಾಲದಿಂದ ಕಂಡಿದ್ದೇವೆ. ಬೀಜಗಣಿತದಲ್ಲಿ ಅದು ಗುಣಾಕಾರ. ಲೆಕ್ಕ ಅಲ್ಲಿಯೇ ಕ್ಷಯಿಸಿತು!

ನಮ್ಮ ನುಡಿಯೇ ಇಲ್ಲಿ ದಾರಿ ತೋರುತ್ತದೆ. ನಲವತ್ತೇಳು ಎಂದರೆ ನಾಲ್ಕು ಹತ್ತು, ಅದರ ಮೇಲೆ ಏಳು. ಇದನ್ನು ಮಗುವಿನ ಬಾಯಿಂದಲೇ ಹೇಳಿಸಿರಿ; ಸೂತ್ರದ ಬಾಯಿಪಾಠ ಬೇಕಿಲ್ಲ. ಅಂತೆಯೇ ನಮ್ಮ ಸಂಖ್ಯೆ 10ಕ್ಷ + ಯ. ಅದಲುಬದಲಾದದ್ದು 10ಯ + ಕ್ಷ. ವ್ಯತ್ಯಾಸ 9(ಯ − ಕ್ಷ) = 27; ಆದುದರಿಂದ ಅಂಕಿಗಳ ಅಂತರ 3. ಮೊತ್ತ 9 ಆಗಿರುವುದರಿಂದ ಸಂಖ್ಯೆ 36.

ವ್ಯತ್ಯಾಸ 25 ಎಂದು ಅಚ್ಚಾಗಿದ್ದರೆ? ಅದು 9ರಿಂದ ನಿಶ್ಶೇಷವಾಗಿ ಭಾಗವಾಗದು. ಆಗ ಅಂತಹ ಸಂಖ್ಯೆಯೇ ಇಲ್ಲವೆಂದು ಮಗು ಧೈರ್ಯವಾಗಿ ಬರೆಯಬಹುದು.