ಕಿತ್ತು ಬದುವಿಗೆ ಹಾಕಿದ ಟೊಮೆಟೊ ಗಿಡದ ಬಗ್ಗೆ

ಇವತ್ತು ಸ್ವಲ್ಪ ಖಾರವಾಗೇ ಬರೀತೀನಿ, ಬೇಜಾರಾಗಬೇಡಿ. ರೇಟು ಬಿದ್ದ ಕೂಡ್ಲೇ ಟೊಮೆಟೊ ಗಿಡ ಕಿತ್ತು ಬದುವಿನ ಮೇಲೆ ರಾಶಿ ಹಾಕ್ತೀವಿ, ತೂತು ಬಿದ್ದ ಹಣ್ಣನ್ನ ಚಾನಲ್ ಏರಿಗೆ ಸುರೀತೀವಿ. ಆಮೇಲೆ "ಟೂಟಾ ಹುಳಕ್ಕೆ ಯಾವ ಔಷಧಿಯೂ ನಾಟ್ತಿಲ್ಲ" ಅಂತ ಅಂಗಡಿಯವರನ್ನ ಬೈತೀವಿ. ನಾಟಬೇಕಾದ್ರೆ ಹುಳ ಎಲ್ಲಿರುತ್ತೆ ಅಂತ ಗೊತ್ತಿರಬೇಕಲ್ಲ?

ಎಲೆ ಮೇಲೆ ಹಾವು ಹರಿದಂಗೆ ಸಣ್ಣ ಬಿಳಿ ಗೆರೆ ಬಿದ್ರೆ ಅದು ರಂಗೋಲಿ ಹುಳ, ನೊಣದ ಮರಿ. ಟೂಟಾ ಬೇರೆ. ದಕ್ಷಿಣ ಅಮೆರಿಕದ ಪತಂಗ ಇದು, ನಮ್ಮ ದೇಶದಲ್ಲಿ ಕಾಣಿಸಿದ್ದು 2014ರಲ್ಲಿ. ಅಕ್ಕಿ ಕಾಳಿನಷ್ಟುದ್ದ, ಬೂದು ಬಣ್ಣ, ಓಡಾಡೋದು ಹೆಚ್ಚಾಗಿ ರಾತ್ರಿ. ಒಂದು ಹೆಣ್ಣು 260ರವರೆಗೂ ಮೊಟ್ಟೆ ಇಡುತ್ತೆ. 4-5 ದಿನಕ್ಕೆ ಮರಿ ಹೊರಬಂದು, ಎಲೆಯ ಎರಡು ಪೊರೆ ನಡುವೆ ನುಗ್ಗಿ ಹಸಿರು ತಿಂತಾ ಹೋಗುತ್ತೆ. ಆಗ ಅಗಲವಾದ ಮಚ್ಚೆ ಬೀಳುತ್ತೆ, ಬೆಳಕಿಗೆ ಹಿಡಿದ್ರೆ ಒಳಗೆ ಕಪ್ಪು ಹಿಕ್ಕೆ ಕಾಣುತ್ತೆ. ಕಾಯಿಗೂ ತೂತು. ಹೆಚ್ಚುಕಮ್ಮಿ ಎರಡು ವಾರ ಹೀಗೆ ತಿಂದು, ಬಹುಪಾಲು ಮಣ್ಣಿಗಿಳಿದು ಕೋಶ ಆಗುತ್ತೆ. ಹತ್ತು ದಿನಕ್ಕೆ ಮತ್ತೆ ಪತಂಗ. ಬಿಸಿಲಿದ್ರೆ ಇಡೀ ಸುತ್ತು ತಿಂಗಳೊಳಗೆ ಮುಗೀತು.

ಈಗ ಹೇಳಿ, ಮೂರು ದಿನಕ್ಕೊಂದು ಸಲ ನಾಲ್ಕು ಬಾಟಲಿ ಒಂದೇ ಕ್ಯಾನಿಗೆ ಸುರಿದು ಹೊಡೆದ್ರೆ ಮಣ್ಣೊಳಗಿನ ಕೋಶಕ್ಕೆ ಏನಾಗುತ್ತೆ? ಏನೂ ಇಲ್ಲ. ಸಾಯೋದು ಹುಳದ ಮೊಟ್ಟೆ ತಿನ್ನೋ ಸಣ್ಣ ಕೀಟಗಳು. ಒಂದೇ ಔಷಧಿ ಪದೇ ಪದೇ ಹೊಡೆದ್ರೆ ಹುಳ ಅದಕ್ಕೂ ಒಗ್ಗಿಕೊಳ್ಳುತ್ತೆ.

ಕಿತ್ತ ಗಿಡ ಒಣಗೋ ಹೊತ್ತಿಗೆ ಬಲಿತ ಹುಳ ಕೆಳಗಿಳಿದು ಕೋಶ ಆಗಿರುತ್ತೆ. "ನಮ್ಮ ಬದು, ನಮ್ಮಿಷ್ಟ" ಅನ್ನೋರಿಗೆ ಒಂದು ಮಾತು: ಪತಂಗಕ್ಕೆ ಪಹಣಿ ಗೊತ್ತಿಲ್ಲ. ಪಕ್ಕದಲ್ಲಿ ಅಡಿಕೆ ಸಸಿ ನಡುವೆ ಹೊಸದಾಗಿ ಟೊಮೆಟೊ ನೆಟ್ಟವನ ಹೊಲಕ್ಕೇ ಅದು ಹೋಗೋದು.

ರೇಟಿಲ್ಲದ ಬೆಳೆಗೆ ಮತ್ತೆ ಕೂಲಿ ಯಾರು ಕೊಡ್ತಾರೆ ಅಂತೀರಿ. ನ್ಯಾಯವಾದ ಮಾತೇ. ಆದ್ರೆ ಮುಂದಿನ ಬೆಳೆಗೆ ಒಂದು ಸುತ್ತು ಹೊಡೆಯೋ ಔಷಧಿ ಬಿಲ್ಲನ್ನ ಪಕ್ಕದಲ್ಲಿಟ್ಟು ನೋಡಿ. ಗಿಡ, ಹಣ್ಣು ಎರಡನ್ನೂ ಆಳವಾದ ಗುಂಡಿಗೆ ಹಾಕಿ ಮಣ್ಣು ಮುಚ್ಚಿ, ಇಲ್ಲಾಂದ್ರೆ ಪ್ಲಾಸ್ಟಿಕ್ ಚೀಲಕ್ಕೆ ತುಂಬಿ ಬಿಗಿಯಾಗಿ ಕಟ್ಟಿ ಬಿಸಿಲಿಗಿಡಿ. ಹೊಲ ಉಳುಮೆ ಮಾಡಿ ಕೋಶ ಮೇಲೆ ಬರಲಿ. ಅದೇ ಜಾಗಕ್ಕೆ ಬದನೆ, ಆಲೂಗಡ್ಡೆ ಬೇಡ, ಬದುವಿನ ಗಣಿಕೆ ಗಿಡವನ್ನೂ ತೆಗೀರಿ, ಅದರಲ್ಲೂ ಈ ಹುಳ ಬದುಕುತ್ತೆ. ಮೋಹಕ ಬಲೆ ಕಟ್ಟಿ, ಆದ್ರೆ ಅದಕ್ಕೆ ಬೀಳೋದು ಗಂಡು ಮಾತ್ರ, ಒಬ್ಬನೇ ಕಟ್ಟಿ ನೆಮ್ಮದಿಯಾಗಿ ಮಲಗೋ ಹಾಗಿಲ್ಲ.

ಸಂಶೋಧನಾ ಕೇಂದ್ರ ಕತ್ತಲಗೆರೆಯಲ್ಲೇ ಐತೆ, ಅನುಮಾನ ಇದ್ದೋರು ಮಚ್ಚೆ ಬಿದ್ದ ಎಲೆ ತಗೊಂಡು ಹೋಗಿ ತೋರಿಸಿ. ಗುಂಡಿ ನಾನು ತೆಗೆಸಿದ್ದೀನಿ. ನಾಟಿಗೆ ಮುಂಚೆ ಅಕ್ಕಪಕ್ಕದ ಹೊಲದೋರು ಬದುವಿನ ರಾಶಿ ತಂದು ಹಾಕಬಹುದು.