ನ್ಯಾಯಾಲಯದ ಮೆಟ್ಟಿಲುಗಳು

ಅಮೆರಿಕದ ಮಿಸೌರಿ ರಾಜ್ಯದ ಸೇಂಟ್ ಲೂಯಿಸ್ ನಗರದಲ್ಲಿ ಹಳೆಯ ಕೌಂಟಿ ನ್ಯಾಯಾಲಯದ ಭವ್ಯ ಕಟ್ಟಡವೊಂದಿದೆ. 1839ರಲ್ಲಿ ಪ್ರಾರಂಭವಾದ ಅದರ ನಿರ್ಮಾಣವು 1860ರ ದಶಕದಲ್ಲಿ ಉನ್ನತವಾದ ಗುಮ್ಮಟದೊಡನೆ ಪೂರ್ಣಗೊಂಡಿತು. ಆದರೆ ಅದರ ಮಹತ್ತ್ವವಿರುವುದು ಗುಮ್ಮಟದಲ್ಲಲ್ಲ.

1846ರಲ್ಲಿ ಡ್ರೆಡ್ ಸ್ಕಾಟ್ ಮತ್ತು ಹ್ಯಾರಿಯೆಟ್ ಎಂಬ ಗುಲಾಮ ದಂಪತಿಗಳು, ಗುಲಾಮಗಿರಿಯಿಲ್ಲದ ಪ್ರದೇಶದಲ್ಲಿ ವಾಸಿಸಿದ್ದ ತಾವು ಸ್ವತಂತ್ರರೆಂದು ಇಲ್ಲಿ ದಾವೆ ಹೂಡಿದರು. 1850ರಲ್ಲಿ ಜ್ಯೂರಿಯ ನಿರ್ಣಯ ಅವರ ಪರವಾಯಿತು. ಆದರೆ 1852ರಲ್ಲಿ ರಾಜ್ಯದ ಉಚ್ಚ ನ್ಯಾಯಪೀಠವು ಅದನ್ನು ರದ್ದುಗೊಳಿಸಿತು. 1857ರಲ್ಲಿ ರಾಷ್ಟ್ರದ ಸರ್ವೋಚ್ಚ ನ್ಯಾಯಾಲಯವು ಕಪ್ಪು ಜನರು ಪ್ರಜೆಗಳೇ ಅಲ್ಲವೆಂದು ಸಾರಿತು. ಅದೇ ವರ್ಷ ಹೊಸ ಒಡೆಯನು ಅವರನ್ನು ಬಿಡುಗಡೆ ಮಾಡಿದನು. ಮರುವರ್ಷವೇ ಸ್ಕಾಟ್ ತೀರಿಕೊಂಡನು.

ಇದೇ ನ್ಯಾಯಾಲಯದ ಮೆಟ್ಟಿಲುಗಳ ಮೇಲೆ, ಸತ್ತವರ ಆಸ್ತಿಯನ್ನು ವಿಲೇವಾರಿ ಮಾಡುವಾಗ, ಮನುಷ್ಯರನ್ನೂ ಹರಾಜು ಹಾಕುತ್ತಿದ್ದರು! ಇಂತಹ ಕಹಿನೆನಪಿನ ಕಟ್ಟಡವನ್ನು ಉಳಿಸಬೇಕೆ ಎಂದು ಕೆಲವರು ಕೇಳಬಹುದು. ಉಳಿಸಲೇಬೇಕೆಂಬುದು ನನ್ನ ಅಭಿಪ್ರಾಯ. ಕಟ್ಟಡವನ್ನು ಕೆಡವಿದರೆ ಕಳಂಕವು ಅಳಿಯದು. ಅದರ ಸಾಕ್ಷಿ ಮಾತ್ರ ಅಳಿಯುತ್ತದೆ. 1930ರಲ್ಲಿ ನ್ಯಾಯಾಲಯಗಳು ಬೇರೆಡೆಗೆ ಹೋದರೂ ಕಟ್ಟಡವು ಇಂದು ರಾಷ್ಟ್ರೀಯ ಉದ್ಯಾನದ ಭಾಗವಾಗಿ ಉಳಿದಿದೆ. ಅಲ್ಲಿಗೆ ಬರುವ ಮಕ್ಕಳು ಎರಡು ವಿಷಯಗಳನ್ನು ಅರಿಯುತ್ತಾರೆ: ಕಾನೂನೂ ತಪ್ಪಬಲ್ಲುದು, ಆ ತಪ್ಪನ್ನು ಪ್ರಶ್ನಿಸುವ ಧೈರ್ಯ ಅತಿ ದುರ್ಬಲರಲ್ಲಿಯೂ ಇರಬಲ್ಲುದು.